ಮದೋಕಾ ಮಾಜಿಕಾ ಏಳನೆಯ ಕಂತು: ಹಿತೋಮಿಯನ್ನು ಇಷ್ಟೊಂದು ಬೈಯುವುದೇಕೆ?

ಅರೆನಿದ್ದೆ

ಮೊದಲೇ ಹೇಳಿಬಿಡುತ್ತೇನೆ, ಇಲ್ಲಿ ಒಂಬತ್ತನೆಯ ಕಂತಿನವರೆಗಿನ ಕತೆ ಬಯಲಾಗುತ್ತದೆ. ನೋಡದವರು ನೋಡಿಕೊಂಡು ಬನ್ನಿ. ಇರುವುದೇ ಹನ್ನೆರಡು ಕಂತು. ಗೊತ್ತಿಲ್ಲದವರಿಗೆ ಒಂದು ಸಾಲು: ಕ್ಯೂಬೆ ಎಂಬ ಪುಟ್ಟ ಪ್ರಾಣಿ ಹುಡುಗಿಯರ ಒಂದೊಂದು ಬಯಕೆ ಈಡೇರಿಸಿ, ಬದಲಿಗೆ ಅವರನ್ನು ಮಾಟಗಾತಿಯರೊಡನೆ ಕಾದಾಡುವ ಮಾಂತ್ರಿಕ ಹುಡುಗಿಯರನ್ನಾಗಿ ಮಾಡುವ ಜಪಾನಿ ಕತೆ ಇದು; ಸಾಯಾಕಾ ಹಾಗೆ ಒಪ್ಪಂದ ಮಾಡಿಕೊಂಡವಳು.

ಈ ಅನಿಮೆಯ ಮಾತು ಎಲ್ಲಿ ಶುರುವಾದರೂ, ನಾಯಕಿ ಮದೋಕಾ ಮತ್ತು ಸಾಯಾಕಾ ಇಬ್ಬರ ಸಹಪಾಠಿ ಗೆಳತಿಯಾದ ಹಿತೋಮಿಯ ಹೆಸರು ಬಂದ ಕೂಡಲೇ ಯಾರಾದರೂ ಒಬ್ಬರು ಸಿಡಿಯುತ್ತಾರೆ. ಗೆಳತಿಯ ಹುಡುಗನನ್ನು ಕಿತ್ತುಕೊಂಡವಳು, ಸಾಯಾಕಾಳ ಸಾವಿಗೆ ಕಾರಣಳಾದವಳು, ಹೀಗೆ. ಮೊನ್ನೆ ಏಳನೆಯ ಕಂತನ್ನು ಮತ್ತೆ ನೋಡಿದ ಮೇಲೆ ನನಗೆ ಇದು ಶುದ್ಧ ಅನ್ಯಾಯವೆನಿಸಿದೆ.

ಕಂತಿನ ಹೆಸರೇ ಒಂದು ಪ್ರಶ್ನೆ: ನಿನ್ನ ನಿಜವಾದ ಭಾವನೆಗೆ ನೀನು ಮುಖಾಮುಖಿಯಾಗಬಲ್ಲೆಯಾ? ಈ ಸರಣಿಯಲ್ಲಿ ಪ್ರತಿ ಕಂತಿನ ಹೆಸರೂ ಪಾತ್ರಗಳ ಬಾಯಿಂದಲೇ ಬರುವ ಮಾತು. ಈ ಪ್ರಶ್ನೆಯನ್ನು ಕೇಳುವುದು ಕತ್ತಿ ಹಿಡಿದ ಯಾವ ಹುಡುಗಿಯೂ ಅಲ್ಲ, ಮಾಯೆ ಮಂತ್ರ ಏನೊಂದೂ ಗೊತ್ತಿಲ್ಲದ ಹಿತೋಮಿ. ಶಾಲೆ ಬಿಟ್ಟ ಮೇಲೆ ಸಾಯಾಕಾಳನ್ನು ಬರ್ಗರ್ ಅಂಗಡಿಗೆ ಕರೆದುಕೊಂಡು ಹೋಗಿ, ಎದುರು ಕುಳಿತು, ತಾನು ಬಹಳ ದಿನದಿಂದ ಸಾಯಾಕಾಳ ಬಾಲ್ಯದ ಗೆಳೆಯ, ಪಿಟೀಲು ನುಡಿಸುವ ಕ್ಯೋಸುಕೆಯನ್ನು ಮೆಚ್ಚಿಕೊಂಡಿರುವುದನ್ನು ಹೇಳುತ್ತಾಳೆ. ನೀನು ನನಗಿಂತ ಮೊದಲಿನಿಂದ ಅವನ ಜೊತೆಗಿದ್ದವಳು, ಹಾಗಾಗಿ ಮೊದಲ ಹಕ್ಕು ನಿನ್ನದು. ನಾಳೆ ಶಾಲೆ ಮುಗಿದ ಮೇಲೆ ನಾನು ಅವನಿಗೆ ಹೇಳುವವಳಿದ್ದೇನೆ, ಅಷ್ಟರೊಳಗೆ ನೀನು ತೀರ್ಮಾನಿಸು ಎನ್ನುತ್ತಾಳೆ. ಬೆನ್ನ ಹಿಂದೆ ನಡೆಸಬಹುದಾಗಿದ್ದ ಕೆಲಸವನ್ನು ಮುಖಕ್ಕೆ ಮುಖ ಕೊಟ್ಟು ಹೇಳಿದ್ದಾಳೆ.

ಈ ಕಂತಿನಲ್ಲಿ ಉಳಿದವರು ಏನು ಮಾಡುತ್ತಾರೆ ನೋಡಿ. ಕ್ಯೂಬೆ ಎಲ್ಲವನ್ನೂ ಮುಚ್ಚಿಟ್ಟು, ನೀವು ಕೇಳಲಿಲ್ಲ, ನಾನು ಹೇಳಲಿಲ್ಲ ಎನ್ನುತ್ತದೆ. ಮತ್ತೊಬ್ಬ ಮಾಂತ್ರಿಕ ಹುಡುಗಿ ಹೊಮುರಾ ತನಗೆ ಗೊತ್ತಿರುವುದರಲ್ಲಿ ಕಾಲು ಭಾಗ ಮಾತ್ರ ಬಾಯಿ ಬಿಡುತ್ತಾಳೆ. ಸಾಯಾಕಾ ತನ್ನನ್ನೇ ವಂಚಿಸಿಕೊಳ್ಳುತ್ತಾಳೆ. ಒಳಗೊಂದು ಹೊರಗೊಂದು ಇಲ್ಲದೆ ಮಾತಾಡಿದವರು ಇಬ್ಬರೇ, ಒಬ್ಬಳು ಹಿತೋಮಿ, ಇನ್ನೊಬ್ಬಳು ಸಾಯಾಕಾಳೊಡನೆ ಕಾದಾಡುವ ಮಾಂತ್ರಿಕ ಹುಡುಗಿ ಕ್ಯೋಕೊ. ವಿಚಿತ್ರವೆಂದರೆ ಇಬ್ಬರೂ ಸಾಯಾಕಾಳಿಗೆ ಎದುರಾಳಿಗಳೇ. ಗೆಳತಿಯರು ಕೊಡಲಾಗದ್ದನ್ನು ಎದುರಾಳಿಗಳು ಕೊಟ್ಟರು, ಅದನ್ನು ತೆಗೆದುಕೊಳ್ಳುವ ಸ್ಥಿತಿಯಲ್ಲಿ ಅವಳಿರಲಿಲ್ಲ ಎಂಬುದು ನನ್ನ ವಾದ. ನಿಮಗೇನನಿಸುತ್ತದೆ?

ಪಿಟೀಲುಪ್ರಿಯ

ನನಗೆ ನಿಮ್ಮ ವಾದ ಒಪ್ಪಿಗೆಯಿಲ್ಲ ಅರೆನಿದ್ದೆಯವರೇ.

ಸತ್ಯ ಹೇಳುವುದು ಯಾರಿಗೆ ಸುಲಭ? ಕಳೆದುಕೊಳ್ಳುವುದಕ್ಕೆ ಏನೂ ಇಲ್ಲದವರಿಗೆ. ಹಿತೋಮಿ ಶ್ರೀಮಂತರ ಮನೆಯ ಹುಡುಗಿ. ಅವಳಿಗೆ ಪ್ರೇಮಪತ್ರಗಳು ಬರುತ್ತವೆ, ಸಂಜೆಯಾದರೆ ಪಾಠಗಳಿಗೆ ಹೋಗುತ್ತಾಳೆ, ಮನಸ್ಸಿನಲ್ಲಿರುವುದನ್ನು ತಿದ್ದಿ ತೀಡಿ ಹೇಳುವ ಸಂಸ್ಕಾರ ಅವಳಿಗಿದೆ. ಎದುರಿಗಿರುವ ಹುಡುಗಿಯ ಆತ್ಮವನ್ನು ದೇಹದಿಂದ ಕಿತ್ತು ಒಂದು ಕಲ್ಲಿನೊಳಗೆ ತುಂಬಿರುವ ಸಂಗತಿ ಅವಳಿಗೆ ಗೊತ್ತಿಲ್ಲ. ಗೊತ್ತಿರಲು ಸಾಧ್ಯವೂ ಇಲ್ಲ, ಸರಿ. ಆದರೂ ಇಪ್ಪತ್ತನಾಲ್ಕು ಗಂಟೆ? ಸಾಲಗಾರನಿಗೂ ಇದಕ್ಕಿಂತ ಹೆಚ್ಚು ಗಡುವು ಸಿಗುತ್ತದೆ. ಬಾಲ್ಯದಿಂದ ಮನಸ್ಸಿನಲ್ಲಿಟ್ಟುಕೊಂಡಿದ್ದನ್ನು ನಾಳೆ ಸಂಜೆಯೊಳಗೆ ಹೇಳಿ ಮುಗಿಸು ಎನ್ನುವುದು ಪ್ರಾಮಾಣಿಕತೆಯಲ್ಲ, ತನ್ನ ಮನಸ್ಸಾಕ್ಷಿಯನ್ನು ತೊಳೆದುಕೊಳ್ಳುವ ವಿಧಾನ. ನಾನು ಮೊದಲೇ ಹೇಳಿದ್ದೆನಲ್ಲ ಎಂದು ನಾಳೆ ಕೈ ತೊಳೆದುಕೊಳ್ಳಬಹುದು.

ಇನ್ನೊಂದು ಮಾತು. ನಾಲ್ಕನೆಯ ಕಂತಿನಲ್ಲಿ ಮಾಟಗಾತಿಯ ಮೋಡಿಗೆ ಸಿಕ್ಕಿ ಸಾಮೂಹಿಕ ಆತ್ಮಹತ್ಯೆಗೆ ಹೊರಟಿದ್ದ ಹಿತೋಮಿ ಉಳಿದದ್ದು ಸಾಯಾಕಾಳಿಂದ. ಉಳಿಸಿದವಳ ಎದುರೇ ಕುಳಿತು ಗಡುವು ಕೊಡುತ್ತಾಳೆ. ಆ ದೃಶ್ಯ ನೋಡುವಾಗ ನನ್ನ ಹೊಟ್ಟೆ ಉರಿಯುತ್ತದೆ.

ಸಂಜೆಮಲ್ಲಿಗೆ

ನಿಮ್ಮಿಬ್ಬರ ಜಗಳದಲ್ಲಿ ಆರನೆಯ ಕಂತಿನ ಒಂದು ದೃಶ್ಯ ಕಳೆದುಹೋಗಿದೆ. ನನ್ನ ಮಟ್ಟಿಗೆ ಇಡೀ ಪ್ರಶ್ನೆ ಅಲ್ಲೇ ಇತ್ಯರ್ಥವಾಗುತ್ತದೆ.

ಸಾಯಾಕಾ ಆಸ್ಪತ್ರೆಗೆ ಹೋಗುತ್ತಾಳೆ. ಕ್ಯೋಸುಕೆ ಆಗಲೇ ಮನೆಗೆ ಹೋಗಿದ್ದಾನೆ ಎಂದು ಅಲ್ಲಿ ತಿಳಿಯುತ್ತದೆ. ಅವನು ಇವಳಿಗೆ ಒಂದು ಮಾತೂ ತಿಳಿಸಿಲ್ಲ. ಅವಳು ಅವನ ಮನೆಯವರೆಗೂ ಹೋಗುತ್ತಾಳೆ. ಒಳಗಿನಿಂದ ಪಿಟೀಲಿನ ನಾದ ಕೇಳುತ್ತದೆ. ಅವಳು ತನ್ನ ಒಂದೇ ಒಂದು ಬಯಕೆಯನ್ನು ಖರ್ಚು ಮಾಡಿ ವಾಸಿಮಾಡಿದ ಕೈ ಅದು. ಕರೆಗಂಟೆ ಒತ್ತಲು ಹೋದವಳು ಒತ್ತದೆ ತಿರುಗುತ್ತಾಳೆ. ಅದನ್ನು ನೋಡಿದ ಕ್ಯೋಕೊ, ಇಷ್ಟು ದೂರ ಬಂದು ಭೇಟಿಯಾಗದೆ ಹೋಗುತ್ತೀಯಾ ಎಂದು ಕೆಣಕುತ್ತಾಳೆ.

ಈ ದೃಶ್ಯದ ಹೊತ್ತಿಗೆ, ಆತ್ಮ ತುಂಬಿರುವ ಆ ಕಲ್ಲಿನ, ಅಂದರೆ ಸೋಲ್ ಜೆಮ್‌ನ, ರಹಸ್ಯ ಇನ್ನೂ ಹೊರಬಿದ್ದಿಲ್ಲ! ಮದೋಕಾ ಆ ಕಲ್ಲನ್ನು ಸೇತುವೆಯಿಂದ ಎಸೆಯುವುದು, ಅದು ದೇಹದಿಂದ ನೂರು ಮೀಟರ್ ದಾಟಿದೊಡನೆ ಸಾಯಾಕಾ ಹೆಣವಾಗಿ ಬೀಳುವುದು, ಎಲ್ಲವೂ ಇದಾದ ಮೇಲೆ. ಅಂದರೆ ಬಾಗಿಲ ಮುಂದೆ ನಿಂತಾಗ ಅವಳಿಗೆ ತನ್ನ ದೇಹದ ಬಗ್ಗೆ ಯಾವ ಅಳುಕೂ ಇರಲಿಲ್ಲ. ಆಗಲೂ ಅವಳಿಂದ ಗಂಟೆ ಒತ್ತಲಾಗಲಿಲ್ಲ.

ಏಳನೆಯ ಕಂತಿನಲ್ಲಿ ಮದೋಕಾಳನ್ನು ತಬ್ಬಿಕೊಂಡು, ನಾನು ಸತ್ತವಳು, ಈ ದೇಹವನ್ನಿಟ್ಟುಕೊಂಡು ಅಪ್ಪಿಕೋ ಎಂದು ಅವನಲ್ಲಿ ಹೇಗೆ ಕೇಳಲಿ ಎಂದು ಅಳುತ್ತಾಳಲ್ಲ, ಆ ದುಃಖ ಸುಳ್ಳಲ್ಲ. ಆದರೆ ಅದು ಅವಳಿಗೆ ಒದಗಿ ಬಂದ ನೆಪವೂ ಹೌದು. ಹೇಳಲಾಗದಿದ್ದುದಕ್ಕೆ ಈಗ ಯಾರೂ ಪ್ರಶ್ನಿಸಲಾಗದ ಒಂದು ಕಾರಣ ಸಿಕ್ಕಿತು. ಹಿತೋಮಿ ಒಂದು ದಿನ ಕೊಟ್ಟರೂ ಒಂದು ವರ್ಷ ಕೊಟ್ಟರೂ ವ್ಯತ್ಯಾಸವೇನೂ ಆಗುತ್ತಿರಲಿಲ್ಲ.

ಮೂರನೆಯ ಕಂತಿನಲ್ಲೇ ಹಿರಿಯ ಮಾಂತ್ರಿಕ ಹುಡುಗಿ ಮಾಮಿ ಕಡ್ಡಿ ಮುರಿದಂತೆ ಕೇಳಿದ್ದಳು: ಅವನ ಕನಸು ಈಡೇರಬೇಕೆಂಬುದು ನಿನ್ನ ಆಸೆಯೋ, ಅವನ ಕನಸನ್ನು ಈಡೇರಿಸಿದವಳು ಎನಿಸಿಕೊಳ್ಳಬೇಕೆಂಬುದೋ? ಎರಡೂ ಒಂದೇ ತರಹ ಕಾಣುತ್ತವೆ, ಒಂದೇ ಅಲ್ಲ. ಸಾಯಾಕಾಳಿಗೆ ಅದು ಚುಚ್ಚಿತು. ಉತ್ತರ ಹುಡುಕಿಕೊಳ್ಳುವ ಮೊದಲೇ ಮಾಮಿ ಸತ್ತಳು, ಆಮೇಲೆ ಆ ಪ್ರಶ್ನೆಯನ್ನು ಅವಳಿಗೆ ಯಾರೂ ಕೇಳಲಿಲ್ಲ. ಹಂಗು ಬೇಡ, ಪ್ರೀತಿ ಬೇಕು; ಆದರೆ ಹಂಗಿನ ನೆನಪನ್ನು ಅವನು ಹೇಗೋ ತಾನೇ ಕಂಡುಕೊಂಡು ಬರಬೇಕು. ಇದು ಸಾಯಾಕಾಳ ಒಳಗಿನ ಸಿಕ್ಕು.

ಪಿಟೀಲುಪ್ರಿಯ

ಕರೆಗಂಟೆಯ ದೃಶ್ಯದ ಬಗ್ಗೆ ನೀವು ಹೇಳಿದ್ದು ಸರಿ, ಅದು ಗಟ್ಟಿ ಸಾಕ್ಷಿ. ಆದರೆ ಹದಿನಾಲ್ಕು ವರ್ಷದ ಹುಡುಗಿಯೊಬ್ಬಳು ಪ್ರೀತಿ ಹೇಳಲು ಹೆದರಿ ಬಾಗಿಲಿಂದ ವಾಪಸಾದದ್ದನ್ನು ಆತ್ಮವಂಚನೆ ಎನ್ನುತ್ತೀರಾ? ನಮ್ಮಲ್ಲಿ ಎಷ್ಟು ಮಂದಿ ಆ ಗಂಟೆ ಒತ್ತಿದ್ದೇವೆ? ಕ್ಯೋಸುಕೆಯನ್ನು ಯಾಕೆ ಯಾರೂ ಕಟಕಟೆಗೆ ಕರೆಯುತ್ತಿಲ್ಲ? ಆಸ್ಪತ್ರೆಗೆ ಸಿ.ಡಿ. ಹೊತ್ತು ತಂದವಳಿಗೆ ಮನೆಗೆ ಹೋಗುತ್ತಿದ್ದೇನೆ ಎಂದು ಒಂದು ಮಾತು ಹೇಳಲಾಗಲಿಲ್ಲವೇ ಆ ಮಹಾಶಯನಿಗೆ?

ತುಂಗಾತೀರ

ಕ್ಯೋಸುಕೆಯ ವಿಚಾರಣೆ ಆಮೇಲೆ ಆಗಲಿ. ನನಗೆ ಕ್ಯೋಕೊಳ ಬಗ್ಗೆ ಬರೆಯಬೇಕಿದೆ, ಯಾಕೆಂದರೆ ಈ ಕಂತು ನಿಜಕ್ಕೂ ಅವಳದು.

ಐದನೆಯ ಕಂತಿನಲ್ಲಿ ಕ್ಯೋಕೊ ಬರುವುದೇ ಕಾಲು ಕೆರೆದುಕೊಂಡು. ಮಾಟಗಾತಿಯ ಮರಿಗಳನ್ನು ಕೊಲ್ಲಬೇಡ, ಅವು ನಾಲ್ಕಾರು ಜನರನ್ನು ತಿಂದು ಬೆಳೆದರೆ ಸೋಲ್ ಜೆಮ್‌ನ ಕೊಳೆ ತೆಗೆಯುವ ಗ್ರೀಫ್ ಸೀಡ್ ಸಿಗುತ್ತದೆ ಎನ್ನುವವಳು ಅವಳು. ಆರನೆಯ ಕಂತಿನಲ್ಲಿ, ಆ ಹುಡುಗನ ಕೈಕಾಲು ಮುರಿದುಹಾಕು, ಆಗ ನೀನಿಲ್ಲದೆ ಅವನಿಗೆ ಬದುಕಿಲ್ಲವಾಗುತ್ತದೆ ಎಂದು ಸಲಹೆ ಬೇರೆ ಕೊಡುತ್ತಾಳೆ. ಅಂಥವಳು ಏಳನೆಯ ಕಂತಿನಲ್ಲಿ ಸಾಯಾಕಾಳ ಕಿಟಕಿಯ ಕೆಳಗೆ ಸೇಬು ಕಚ್ಚುತ್ತಾ ನಿಂತು ಅವಳನ್ನು ಹೊರಗೆ ಕರೆಯುತ್ತಾಳೆ. ಪಾಳುಬಿದ್ದ ಒಂದು ಚರ್ಚಿಗೆ ಕರೆದೊಯ್ಯುತ್ತಾಳೆ. ಕಾಗದದ ಚೀಲದಿಂದ ಒಂದು ಸೇಬು ತೆಗೆದು ಅವಳತ್ತ ಎಸೆಯುತ್ತಾಳೆ. ಸಾಯಾಕಾ ಅದನ್ನು ನೆಲಕ್ಕೆ ಬೀಳಿಸುತ್ತಾಳೆ. ಮರುಕ್ಷಣ ಕ್ಯೋಕೊ ಅವಳ ಕೊರಳಪಟ್ಟಿ ಹಿಡಿದಿರುತ್ತಾಳೆ: ಅನ್ನಕ್ಕೆ ಅವಮಾನ ಮಾಡಿದರೆ ಕೊಂದುಬಿಡುತ್ತೇನೆ.

ಹಸಿದು ಬೆಳೆದವಳ ಸಿಟ್ಟು ಅದು. ಅವಳ ಅಪ್ಪ ಬೋಧಕ. ದಿನಪತ್ರಿಕೆ ಓದಿ ಕಣ್ಣೀರು ಹಾಕುತ್ತಿದ್ದ ಮನುಷ್ಯ, ಹೊಸ ಕಾಲಕ್ಕೆ ಹೊಸ ಶ್ರದ್ಧೆ ಬೇಕು ಎಂದು ಗ್ರಂಥದಲ್ಲಿಲ್ಲದ್ದನ್ನು ಬೋಧಿಸಲು ಹೊರಟ. ಭಕ್ತರು ಬರುವುದನ್ನು ಬಿಟ್ಟರು, ಮೇಲಿನ ಚರ್ಚು ಹೊರಹಾಕಿತು, ಮನೆಯವರಿಗೆ ತುತ್ತಿಗೂ ತತ್ವಾರವಾಯಿತು. ಅಪ್ಪನ ಮಾತನ್ನು ಜನ ಕೇಳಲಿ ಎಂಬುದು ಕ್ಯೋಕೊ ಬೇಡಿಕೊಂಡ ಬಯಕೆ. ಮರುದಿನದಿಂದ ಚರ್ಚು ತುಂಬಿತು. ಎದುರಿಗೆ ಅಪ್ಪ, ಮರೆಯಲ್ಲಿ ತಾನು, ಇಬ್ಬರೂ ಸೇರಿ ಲೋಕವನ್ನು ಕಾಪಾಡುತ್ತಿದ್ದೇವೆ ಎಂದುಕೊಂಡಿದ್ದಳು. ಗುಟ್ಟು ರಟ್ಟಾದ ದಿನ ಅಪ್ಪ ಮಗಳನ್ನು ಮಾಟಗಾತಿ ಎಂದು ಕರೆದ. ಕುಡಿತಕ್ಕೆ ಬಿದ್ದ. ಕೊನೆಗೆ ಅವಳೊಬ್ಬಳನ್ನು ಉಳಿಸಿ ಇಡೀ ಸಂಸಾರವನ್ನು ತನ್ನೊಂದಿಗೆ ಸಾವಿಗೆ ಕರೆದುಕೊಂಡು ಹೋದ.

ಇದನ್ನು ಕ್ಯೋಕೊ ಯಾಕೆ ಹೇಳಿದಳು? ಅರೆನಿದ್ದೆಯವರು ಇದನ್ನು ಪ್ರಾಮಾಣಿಕತೆ ಎಂದರು. ಹೌದು, ಆದರೆ ನಿಷ್ಕಾಮ ಪ್ರಾಮಾಣಿಕತೆಯಲ್ಲ. ನೀನೂ ನನ್ನಂತೆಯೇ ಬೇರೆಯವರಿಗಾಗಿ ಬೇಡಿ ಕೆಟ್ಟವಳು, ಇನ್ನು ಮೇಲೆ ನನ್ನಂತೆಯೇ ನಿನಗಾಗಿ ಬದುಕು ಎಂಬುದು ಅವಳ ಮಾತಿನ ತಿರುಳು. ಸಾಯಾಕಾ ಹೂಂ ಎಂದರೆ ತಾನು ಬದುಕಿದ ರೀತಿ ಸರಿಯಿತ್ತು ಎಂದು ಕ್ಯೋಕೊಳಿಗೆ ಸಾಬೀತಾಗುತ್ತದೆ. ಎದುರಾಳಿಯನ್ನು ಸೋಲಿಸುವುದು ಅವಳಿಗೆ ಬೇಕಾಗಿಲ್ಲ, ಎದುರಾಳಿ ತನ್ನ ಪಕ್ಕ ಬಂದು ಕೂರಬೇಕು. ಅಷ್ಟು ಒಂಟಿ ಅವಳು.

ಸಾಯಾಕಾಳ ಉತ್ತರದಲ್ಲಿ ಮಾತ್ರ ಒಂದು ಘನತೆ ಇದೆ. ನಿನ್ನನ್ನು ತಪ್ಪು ತಿಳಿದಿದ್ದೆ, ಕ್ಷಮಿಸು ಎನ್ನುತ್ತಾಳೆ. ಇನ್ನೊಬ್ಬರಿಗಾಗಿ ಬೇಡಿದ್ದಕ್ಕೆ ಪಶ್ಚಾತ್ತಾಪ ಪಡುವುದಿಲ್ಲ ಎಂದೂ ಹೇಳುತ್ತಾಳೆ. ಆಮೇಲೆ ಕೇಳುತ್ತಾಳೆ, ಈ ಸೇಬುಗಳನ್ನು ಎಲ್ಲಿಂದ ತಂದೆ, ದುಡ್ಡು ಎಲ್ಲಿತ್ತು? ಕ್ಯೋಕೊಳ ಬಳಿ ಉತ್ತರವಿಲ್ಲ. ಹಾಗಾದರೆ ನನಗೆ ಬೇಡ ಎಂದು ಎದ್ದು ಹೋಗುತ್ತಾಳೆ. ಕ್ಯೋಕೊ ಸಿಟ್ಟಿನಿಂದ ಸೇಬನ್ನು ತಾನೇ ಕಚ್ಚುತ್ತಾಳೆ. ಎರಡು ಕಂತು ಹಿಡಿದು ನಡೆದ ಕಾದಾಟದಲ್ಲಿ ಯಾರೂ ಗೆದ್ದಿರಲಿಲ್ಲ. ಇಲ್ಲಿ, ಒಂದು ಹಣ್ಣಿನ ವಿಷಯದಲ್ಲಿ, ಸಾಯಾಕಾ ಗೆದ್ದಳು.

ಅರೆನಿದ್ದೆ

ಬಹಳ ಚೆನ್ನಾಗಿ ಬರೆದಿದ್ದೀರಿ ತುಂಗಾತೀರ ಅವರೇ, ಆದರೆ ಸೇಬಿನ ಪ್ರಶ್ನೆಯನ್ನು ಗೆಲುವು ಎನ್ನಲಾರೆ. ಎದುರಿಗಿರುವವಳು ಎದೆ ಬಿಚ್ಚಿ ತನ್ನ ಮನೆಯವರ ಸಾವನ್ನು ಹೇಳಿಕೊಂಡಿದ್ದಾಳೆ. ಅದಕ್ಕೆ ಪ್ರತಿಯಾಗಿ ನೀನು ನಿನ್ನದೊಂದು ಮಾತು ಹೇಳಬೇಕಲ್ಲವೇ? ಕ್ಯೋಸುಕೆಯ ಹೆಸರನ್ನಾದರೂ? ಸಾಯಾಕಾ ಬದಲಿಗೆ ನ್ಯಾಯಾಧೀಶೆಯಾಗಿಬಿಟ್ಟಳು. ನೀತಿಯ ಪ್ರಶ್ನೆ ಕೇಳಿದರೆ ಮನಸ್ಸಿನ ಪ್ರಶ್ನೆಯಿಂದ ಪಾರಾಗಬಹುದು. ಸೇಬು ಕದ್ದದ್ದೇ ಇರಲಿ, ಆ ಕ್ಷಣದಲ್ಲಿ ಅದು ಕ್ಯೋಕೊ ಕೊಡಬಲ್ಲ ಏಕೈಕ ಸ್ನೇಹ.

ತುಂಗಾತೀರ

ಕದ್ದ ಸೇಬನ್ನು ಸ್ನೇಹಕ್ಕಾಗಿ ತಿನ್ನಬೇಕಿತ್ತು ಎಂದರೆ ನಾನು ಸಾಯಾಕಾಳ ಪಕ್ಷವೇ.

ಹಳೆಕ್ಯಾಸೆಟ್

ಈ ಚರ್ಚೆಗೆ ಸ್ವಲ್ಪ ಹಿನ್ನೆಲೆ ಸೇರಿಸುತ್ತೇನೆ. ಹಳೆಯದನ್ನೆಲ್ಲ ನೋಡುವ ಚಟ ನನ್ನದು.

ಮಾಂತ್ರಿಕ ಹುಡುಗಿಯರ ಅನಿಮೆಯಲ್ಲಿ ಎದುರಾಳಿ ಎಂಬ ಪಾತ್ರಕ್ಕೆ ಐವತ್ತು ವರ್ಷದ ವಯಸ್ಸಾಗಿದೆ. 1966ರಲ್ಲಿ ಸ್ಯಾಲಿ ಎಂಬ ಸರಣಿ ಬಂದಾಗ ಪ್ರಕಾರ ಶುರುವಾಯಿತು. 1974ರ ಮೆಗುಚಾನ್ ಸರಣಿಯಲ್ಲಿ ಮೆಗ್ ಮತ್ತು ನಾನ್ ಇಬ್ಬರೂ ಮಾಟಗಾತಿಯರ ಲೋಕದ ರಾಣಿಯಾಗಲು ಪೈಪೋಟಿ ನಡೆಸುತ್ತಾರೆ. 1998ರಲ್ಲಿ ಶುರುವಾದ ಕಾರ್ಡ್‌ಕ್ಯಾಪ್ಟರ್ ಸಾಕುರಾದಲ್ಲಿ ಮೇಲಿಂಗ್ ಇದ್ದಾಳೆ. ಮೂಲ ಮಾಂಗಾದಲ್ಲಿ ಅವಳಿಲ್ಲ, ಅನಿಮೆಗಾಗಿಯೇ ಹುಟ್ಟಿದವಳು. ಶಾವ್‌ರಾನ್ ತನ್ನವನು ಎಂದು ಜಂಬದಿಂದ ತಿರುಗುತ್ತಿದ್ದವಳು, ಅವನ ಮನಸ್ಸು ಸಾಕುರಾಳ ಮೇಲಿದೆ ಎಂದು ಯಾರೂ ಹೇಳದೆಯೇ ಗ್ರಹಿಸಿ, ತಾನೇ ಬಿಟ್ಟುಕೊಟ್ಟು, ಗೆಳತಿ ತೊಮೊಯೊಳ ಮಡಿಲಲ್ಲಿ ಮುಖ ಹುದುಗಿಸಿ ಅಳುತ್ತಾಳೆ. ಅತ್ತ ಮೇಲೆ ಎದ್ದು ಮುಂದೆ ನಡೆಯುತ್ತಾಳೆ. ನನ್ನ ಪ್ರಕಾರ ಈ ಪ್ರಕಾರದಲ್ಲೇ ಅತ್ಯಂತ ಆರೋಗ್ಯಕರ ಸೋಲು ಅದು.

ಇನ್ನೂ ಸ್ವಾರಸ್ಯದ ಸಂಗತಿ: 2004ರ ನಾನೋಹಾ ಸರಣಿಯ ನಿರ್ದೇಶಕರೂ ಮದೋಕಾದ ನಿರ್ದೇಶಕರೂ ಒಬ್ಬರೇ, ಅಕಿಯುಕಿ ಶಿನ್‌ಬೊ. ಅಲ್ಲಿ ನಾನೋಹಾ ತನ್ನ ಎದುರಾಳಿ ಫೇಟ್‌ಳ ಬೆನ್ನು ಹತ್ತಿ, ನೀನು ಯಾಕೆ ಹೀಗೆ ಮಾಡುತ್ತಿದ್ದೀಯ ಹೇಳು ಎಂದು ಕೇಳುತ್ತಲೇ ಇರುತ್ತಾಳೆ. ಹೊಡೆದಾಡಿಕೊಂಡೇ ಮಾತಿಗೆ ಬರುತ್ತಾರೆ. ಕೊನೆಗೆ ಒಬ್ಬರನ್ನೊಬ್ಬರು ಹೆಸರು ಹಿಡಿದು ಕರೆದು, ರಿಬ್ಬನ್ ಬದಲಾಯಿಸಿಕೊಂಡು ಬೀಳ್ಕೊಡುತ್ತಾರೆ. ಮನಸ್ಸು ಬಿಚ್ಚಿದರೆ ವೈರ ಕರಗುತ್ತದೆ ಎಂಬುದು ಆ ಕತೆಯ ನಂಬಿಕೆ.

2011ರ ಫೆಬ್ರುವರಿಯಲ್ಲಿ ಪ್ರಸಾರವಾದ ಈ ಏಳನೆಯ ಕಂತಿಗೆ ಕತೆಗಾರ ಗೆನ್ ಉರೊಬುಚಿ ಬರೆದದ್ದರಲ್ಲಿ ಎಲ್ಲ ಸಾಮಗ್ರಿಯೂ ಅದೇ. ಎದುರಾಳಿ ಬಂದು ತನ್ನ ದುಃಖ ಹೇಳುತ್ತಾಳೆ, ಕೇಳುವವಳು ಕೇಳುತ್ತಾಳೆ, ಕ್ಷಮೆಯನ್ನೂ ಕೋರುತ್ತಾಳೆ. ಆದರೂ ವೈರ ಕರಗುವುದಿಲ್ಲ. ಹಳೆಯ ಸರಣಿಗಳನ್ನು ನೋಡಿ ಬೆಳೆದವರಿಗೆ ಇದು ಕಪಾಳಕ್ಕೆ ಬಿಗಿದ ಹಾಗಿತ್ತು.

ಮೊದಲಸಾಲು

ಎಲ್ಲರಿಗೂ ನಮಸ್ಕಾರ. ನಾನು ಹೊಸಬ. ಕಂತಿನ ಕೊನೆಯಲ್ಲಿ ಮಾಟಗಾತಿಯ ಜೊತೆಗಿನ ಹೋರಾಟ ಪೂರ್ತಿ ನೆರಳಿನಾಟದಂತೆ ಕಪ್ಪು ಬಿಳುಪಿನಲ್ಲಿದೆ. ಯಾಕೆ? ಚಿತ್ರ ಬಿಡಿಸಲು ಸಮಯ ಸಾಲದೆ ಹಾಗೆ ಮಾಡಿದರೋ?

ಸಂಜೆಮಲ್ಲಿಗೆ

ಸ್ವಾಗತ ಮೊದಲಸಾಲು ಅವರೇ. ಅಲ್ಲ, ಅದು ಆ ಮಾಟಗಾತಿಯ ಸ್ವಭಾವ. ಅವಳ ಹೆಸರು ಎಲ್ಸಾ ಮರಿಯಾ, ನೆರಳಿನ ಮಾಟಗಾತಿ. ಮಾಟಗಾತಿಯರ ಚಕ್ರವ್ಯೂಹಗಳನ್ನು ವಿನ್ಯಾಸ ಮಾಡಿದ್ದು ಗೆಕಿದಾನ್ ಇನು ಕರಿ ಎಂಬ ಜೋಡಿ. ಕತ್ತರಿಸಿದ ಕಾಗದ, ಬಟ್ಟೆ, ಹಳೆಯ ಚಿತ್ರಗಳನ್ನೆಲ್ಲ ಅಂಟಿಸಿದಂತೆ ಇರುತ್ತದೆ ಅವರ ಕೆಲಸ, ಒಬ್ಬೊಬ್ಬ ಮಾಟಗಾತಿಗೆ ಒಂದೊಂದು ಬಗೆ. ಇವಳು ಬೆನ್ನು ತಿರುಗಿಸಿ, ಮಂಡಿಯೂರಿ, ಪ್ರಾರ್ಥನೆ ಮಾಡುತ್ತಲೇ ಇರುತ್ತಾಳೆ. ತಾನೇ ಸರಿ ಎಂಬ ಗುಣ ಅವಳದು ಎಂದು ರಚನೆಕಾರರೇ ವಿವರಿಸಿದ್ದಾರೆ. ಎಲ್ಲ ಜೀವಿಗಳಿಗಾಗಿ ಪ್ರಾರ್ಥಿಸುತ್ತಾ ಎಲ್ಲರನ್ನೂ ತನ್ನ ನೆರಳಿನೊಳಗೆ ಎಳೆದುಕೊಳ್ಳುವವಳು. ಸಾಯಾಕಾಳ ಎದುರಿಗೆ ಇಂಥವಳನ್ನೇ ತಂದು ನಿಲ್ಲಿಸಿದ್ದು ಆಕಸ್ಮಿಕವಲ್ಲ.

ಬಣ್ಣ ತೆಗೆದದ್ದರಿಂದ ಆಗುವ ಪರಿಣಾಮವನ್ನು ಗಮನಿಸಿ. ಸಾಯಾಕಾಳ ನೀಲಿ ಇಲ್ಲ, ಕ್ಯೋಕೊಳ ಕೆಂಪು ಇಲ್ಲ. ಮುಖವೂ ಕಾಣುವುದಿಲ್ಲ. ಇಡೀ ಕಂತು ಭಾವನೆಗೆ ಮುಖ ಕೊಡು ಎನ್ನುತ್ತಾ ಬಂದು, ಕೊನೆಗೆ ಮುಖವೇ ಇಲ್ಲದ ಆಕೃತಿಯನ್ನು ನಮ್ಮ ಮುಂದಿಡುತ್ತದೆ. ಸಹಾಯಕ್ಕೆ ಬಂದ ಕ್ಯೋಕೊಳನ್ನು ಸಾಯಾಕಾ ದೂರ ಸರಿಸುತ್ತಾಳೆ. ಆಮೇಲೆ ಮೈಗೆ ಚುಚ್ಚಿಕೊಂಡದ್ದನ್ನೆಲ್ಲ ಲೆಕ್ಕಿಸದೆ ನುಗ್ಗಿ ಕತ್ತಿ ಬೀಸುತ್ತಾಳೆ, ಬೀಸುತ್ತಲೇ ಇರುತ್ತಾಳೆ, ನಗುತ್ತಾಳೆ. ಮನಸ್ಸು ಮಾಡಿದರೆ ನೋವನ್ನು ಪೂರ್ತಿ ಅಳಿಸಿಬಿಡಬಹುದು, ನಿಜವೇ ಇದು ಎಂದು ನಗುತ್ತಾಳೆ.

ಕಂತಿನ ಮೊದಲಿಗೆ ಕ್ಯೂಬೆ ಸೋಲ್ ಜೆಮ್ ಮೇಲೆ ಪಂಜ ಇಟ್ಟು, ಹೊಟ್ಟೆಗೆ ಈಟಿ ತಿವಿದರೆ ನಿಜವಾಗಿ ಎಷ್ಟು ನೋಯುತ್ತದೆ ಎಂದು ತೋರಿಸಿ ಅವಳನ್ನು ನೆಲಕ್ಕೆ ಕೆಡವಿತ್ತಲ್ಲ? ನೋವನ್ನು ಪೂರ್ತಿ ಮುಚ್ಚಲೂಬಹುದು, ಆದರೆ ಚಲನೆ ಮಂದವಾಗುತ್ತದೆ, ಹಾಗಾಗಿ ಬೇಡ ಎಂದೂ ಹೇಳಿತ್ತು. ಸಾಯಾಕಾ ಬೇಡವೆಂದದ್ದನ್ನೇ ಹಿಡಿದುಕೊಂಡಳು. ಹಿತೋಮಿ ಕೇಳಿದ ಪ್ರಶ್ನೆಗೆ ಅವಳು ಕೊಟ್ಟ ಉತ್ತರ ಇದೇ.

ಪಿಟೀಲುಪ್ರಿಯ

ಸಾಯಾಕಾ ತನ್ನನ್ನು ತಾನೇ ವಂಚಿಸಿಕೊಂಡಳು ಎಂದು ಎಲ್ಲರೂ ಸೇರಿ ತೀರ್ಪು ಬರೆಯುವ ಮೊದಲು ಒಂದು ಮಾತು. ಈ ಕಂತಿನಲ್ಲಿ ಅತ್ಯಂತ ಕಷ್ಟದ ಸತ್ಯವನ್ನು ಹೇಳಿದವಳು ಅವಳೇ. ರಾತ್ರಿ ಮಾಟಗಾತಿಯನ್ನು ಹುಡುಕಿ ಹೊರಡುವ ಮುನ್ನ ಮದೋಕಾಳ ಹೆಗಲ ಮೇಲೆ ಒರಗಿ, ಅಂದು ಹಿತೋಮಿಯನ್ನು ಉಳಿಸದಿದ್ದರೆ ಚೆನ್ನಾಗಿತ್ತು ಎಂದು ಒಂದು ಕ್ಷಣ, ಒಂದೇ ಒಂದು ಕ್ಷಣ ಅಂದುಕೊಂಡೆ ಎನ್ನುತ್ತಾಳೆ. ಅಂಥ ಹೊಲಸು ಯೋಚನೆ ನಮಗೂ ಬರುತ್ತದೆ, ಬಂದದ್ದನ್ನು ಬಾಯಿ ಬಿಟ್ಟು ಹೇಳುವವರು ಯಾರು? ಹಿತೋಮಿಯ ಮಾತು ಸಭ್ಯ ಸತ್ಯ, ಯಾರ ಮುಂದೆಯಾದರೂ ಹೇಳಬಹುದು. ಸಾಯಾಕಾ ಹೇಳಿದ್ದು ತನ್ನ ಮಾನ ಕಳೆಯುವ ಸತ್ಯ.

ಹಳೆಕ್ಯಾಸೆಟ್

ಇದಕ್ಕೆ ನನ್ನ ಪೂರ್ಣ ಒಪ್ಪಿಗೆ. ಮದೋಕಾ ಅದನ್ನು ಕೇಳಿ ಬುದ್ಧಿ ಹೇಳುವುದಿಲ್ಲ, ಸಮಾಧಾನವನ್ನೂ ಮಾಡುವುದಿಲ್ಲ, ಬಿಗಿಯಾಗಿ ಹಿಡಿದುಕೊಂಡು ತಾನೂ ಅಳುತ್ತಾಳೆ. ಮೇಲಿಂಗ್‌ಳಿಗೆ ತೊಮೊಯೊ ಸಿಕ್ಕಂತೆ ಇವಳಿಗೆ ಮದೋಕಾ ಸಿಕ್ಕಳು. ಆದರೆ ಮೇಲಿಂಗ್ ಅತ್ತ ಮೇಲೆ ಮನೆಗೆ ಹೋಗಬಹುದಿತ್ತು. ಸಾಯಾಕಾ ಕತ್ತಿ ಹಿಡಿದು ಕೆಲಸಕ್ಕೆ ಹೋಗಬೇಕಿತ್ತು. ಅತ್ತು ಹಗುರಾಗುವ ವ್ಯವಧಾನವನ್ನು ಆ ಒಪ್ಪಂದ ಕೊಡುವುದಿಲ್ಲ.

ಅರೆನಿದ್ದೆ

ಪಿಟೀಲುಪ್ರಿಯರೇ, ಆ ಮಾತು ಈ ಕಂತಿನ ಅತ್ಯಂತ ನಿಜವಾದ ಮಾತು ಎಂಬುದರಲ್ಲಿ ನನಗೆ ತಕರಾರಿಲ್ಲ. ಆದರೆ ಅದನ್ನು ಹೇಳಿದವಳೇ ಮುಂದಿನ ಉಸಿರಿನಲ್ಲಿ ತಾನು ನ್ಯಾಯದ ಪರ ನಿಲ್ಲಲು ನಾಲಾಯಕ್ಕು ಎಂದು ತನಗೇ ಶಿಕ್ಷೆ ವಿಧಿಸಿಕೊಳ್ಳುತ್ತಾಳೆ. ಎಂಟನೆಯ ಕಂತಿನಲ್ಲಿ ಗ್ರೀಫ್ ಸೀಡ್ ಕೊಟ್ಟರೂ ಒಲ್ಲೆ ಎನ್ನುವುದು ಅದೇ ಶಿಕ್ಷೆಯ ಮುಂದುವರಿಕೆ. ಒಂಬತ್ತನೆಯ ಕಂತಿನಲ್ಲಿ ಕ್ಯೋಕೊ ತನ್ನ ಪ್ರಾಣ ಕೊಟ್ಟು ಅವಳ ಜೊತೆ ಹೋಗುತ್ತಾಳಲ್ಲ, ಚರ್ಚಿನಲ್ಲಿ ಕೇಳಿದ್ದು ಅಲ್ಲಿ ಸಿಕ್ಕಿತು: ಪಕ್ಕದಲ್ಲಿ ಕೂರುವವಳು.

ಹಿತೋಮಿಯ ವಿಷಯಕ್ಕೆ ವಾಪಸು ಬರೋಣ. ಒಂದು ದಿನದ ಬದಲು ಒಂದು ವಾರ ಕೊಟ್ಟಿದ್ದರೆ ನಿಮಗೆ ಸಮಾಧಾನವಾಗುತ್ತಿತ್ತೇ? ಏಳು ರಾತ್ರಿ ಮಾಟಗಾತಿ ಬೇಟೆಗೆ ಹೋಗುತ್ತಿದ್ದಳು, ಅಷ್ಟೇ.

ಪಿಟೀಲುಪ್ರಿಯ

ಗಡುವಿನ ಮಾತು ಬಿಡಿ. ಗೆಳತಿ ಎನಿಸಿಕೊಂಡವಳು ತನ್ನ ಪ್ರೀತಿಯ ವಿಷಯ ತೆಗೆಯುವ ಮೊದಲು, ಏನಾಗಿದೆ ನಿನಗೆ, ನಿನ್ನೆ ಯಾಕೆ ಶಾಲೆಗೆ ಬರಲಿಲ್ಲ ಎಂದು ಒಂದು ಸಲ ಕೇಳಬಹುದಿತ್ತಲ್ಲ?

ಅರೆನಿದ್ದೆ

ಕೇಳಿದ್ದಾಳೆ. ಅಂದೇ ಬೆಳಿಗ್ಗೆ ಶಾಲೆಗೆ ಹೋಗುವ ದಾರಿಯಲ್ಲಿ. ಸ್ವಲ್ಪ ಶೀತವಾಗಿತ್ತು ಎಂದಳು ಸಾಯಾಕಾ.